ಲಗ್ನವಾಗದವರ ಮಗಳು

ಕರಂಜಪಾಡಾ, ಡಹಾಣೂ ತಾಲ್ಲೂಕು
೨೩ ನವೆಂಬರ್, ಗುರುವಾರ

ಶೇವಂತಿಯ ಅಪ್ಪಾ,

ಹೇಗಿದ್ದೀ? ಮಂಡಿನೋವು ಹೇಗಿದೆ? ಕರಾಚಿಯಲ್ಲೂ ಚಳಿ ಶುರುವಾಗಿರಬೇಕು, ಬರೀ ನೆಲದ ಮೇಲೆ ಮಲಗಬೇಡ, ಗೋಣಿಯಾದರೂ ಸರಿ, ಏನಾದರೂ ಹಾಸಿಕೋ. ಜೈಲಿನ ರೊಟ್ಟಿ ಗಟ್ಟಿಯಿದ್ದರೆ ಬೇಳೆಯಲ್ಲಿ ನೆನೆಸಿ ತಿನ್ನು, ನಿನ್ನ ಹಲ್ಲಿನ ಯೋಗ್ಯತೆ ನನಗೆ ಗೊತ್ತು. ನಾವು ಚೆನ್ನಾಗಿದ್ದೇವೆ ಎಂದು ಕಾಗದದಲ್ಲಿ ಬರೆಯುವುದು ವಾಡಿಕೆ, ಬರೆದಿದ್ದೇನೆ, ನಂಬಬೇಡ. ಭತ್ತ ಮನೆಗೆ ಬಂತು. ಮೇಲಿನ ಗದ್ದೆಯದು ಜೊಳ್ಳು, ಕೆಳಗಿನದು ಪರವಾಗಿಲ್ಲ. ಜಾನ್ಯಾ, ಇದನ್ನು ಓದಿ ಹೇಳುವವನು ನೀನೇ ಎಂದು ಗೊತ್ತು, ಓಖಾದಿಂದ ಮೀನಿಗೆ ಹೋಗಿ ಪಾಕಿಸ್ತಾನದವರ ಕೈಗೆ ಸಿಕ್ಕಿಬಿದ್ದ ಆ ದೋಣಿಯವರಲ್ಲಿ ಅಕ್ಷರ ಬರುವವನು ನೀನೊಬ್ಬನೇ ತಾನೇ. ನಿನ್ನ ಅವ್ವ ಹುಷಾರಾಗಿದ್ದಾಳೆ, ಕಣ್ಣಿನ ಪೊರೆ ತೆಗೆಸಿದ್ದಾಯಿತು, ಈಗ ಊರಿನ ಎಲ್ಲರ ಕೋಳಿಯನ್ನೂ ದೂರದಿಂದಲೇ ಗುರುತು ಹಿಡಿದು ಜಗಳ ತೆಗೆಯುತ್ತಾಳೆ. ನಿಧಾನವಾಗಿ ಓದು, ನಡುವೆ ನಿನ್ನ ಮಾತು ಸೇರಿಸಬೇಡ. ಈ ಕಾಗದವನ್ನು ಎರಡು ದೇಶದ ಸಾಹೇಬರೂ ಬಿಚ್ಚಿ ಓದುತ್ತಾರೆ ಎಂದು ಮೀನುಗಾರರ ಸಂಘದವರು ಹೇಳಿದರು. ಓದಲಿ. ಅವರೂ ತಿಳಿದುಕೊಳ್ಳಲಿ.

ಮೊದಲು ಒಳ್ಳೆಯ ಸುದ್ದಿ. ಶೇವಂತಿಗೆ ಸರ್ಕಾರಿ ಆಸ್ಪತ್ರೆಯಲ್ಲಿ ನರ್ಸ್ ಕೆಲಸ ಸಿಕ್ಕಿತು. ಪರೀಕ್ಷೆ ಬರೆದಳು, ಹೆಸರು ಬಂತು, ಆಗಸ್ಟಿನಿಂದ ಕೆಲಸಕ್ಕೆ ಹೋಗುತ್ತಿದ್ದಾಳೆ. ನಮ್ಮ ಕೇರಿಯಿಂದ ಸರ್ಕಾರಿ ಕೆಲಸಕ್ಕೆ ಹೋದ ಮೊದಲನೆಯವಳು ನಿನ್ನ ಮಗಳು. ಬಿಳಿ ಉಡುಪು ಹಾಕಿಕೊಂಡು ಬಸ್ಸಿಗೆ ನಿಂತರೆ ಜಾನ್ಯಾನ ಅವ್ವ ಕೂಡ ಒಂದು ಗಳಿಗೆ ಬೈಗುಳ ನಿಲ್ಲಿಸಿ ನೋಡುತ್ತಾಳೆ. ಮೊದಲ ವಾರವೇ ಒಬ್ಬ ಬಸುರಿಗೆ ಹೆರಿಗೆ ಮಾಡಿಸಿದಳಂತೆ, ಡಾಕ್ಟರು ಬರುವ ಹೊತ್ತಿಗೆ ಮಗು ಅತ್ತೂ ಆಗಿತ್ತಂತೆ. ಆ ದಿನ ಮನೆಗೆ ಬಂದು ಅನ್ನ ಉಣ್ಣದೆ ಸುಮ್ಮನೆ ನಗುತ್ತ ಕೂತಿದ್ದಳು. ನೀನು ನೋಡಬೇಕಿತ್ತು.

ಇನ್ನು ಹೇಸಿಗೆಯ ಸುದ್ದಿ. ನಮ್ಮ ಜಾತಿಯವರಿಗೆ ಇಟ್ಟ ಜಾಗದಲ್ಲಿ ಅವಳು ಆಯ್ಕೆಯಾದದ್ದು. ಅವಳ ಹತ್ತಿರ ಜಾತಿ ಪ್ರಮಾಣಪತ್ರ ಇದೆ, ತಹಸೀಲ್ದಾರರದೇ ಸಹಿ ಇದೆ. ಅದು ಸಾಲದಂತೆ. ಆ ಪ್ರಮಾಣಪತ್ರ ಸಿಂಧು ಎಂದು ಹೇಳುವ ಇನ್ನೊಂದು ಪತ್ರ ಬೇಕಂತೆ, ಅದಕ್ಕೇ ಒಂದು ಸಮಿತಿಯಂತೆ, ಎಲ್ಲರೂ ಅದನ್ನು ವ್ಯಾಲಿಡಿಟಿ ಎನ್ನುತ್ತಾರೆ. ಕೆಲಸಕ್ಕೆ ಸೇರಿದ ಆರು ತಿಂಗಳೊಳಗೆ ಅದು ಬಾರದಿದ್ದರೆ ಮನೆಗೆ ಕಳುಹಿಸುತ್ತಾರೆ. ಸುಳ್ಳು ಜಾತಿ ಹೇಳಿದಳು ಎಂದು ಇದ್ದ ಪ್ರಮಾಣಪತ್ರವನ್ನೂ ಕಿತ್ತುಕೊಳ್ಳುತ್ತಾರೆ. ಅಪ್ಪನ ಕಡೆಯ ರಕ್ತಸಂಬಂಧಿ ಯಾರಿಗಾದರೂ ಈ ಪತ್ರ ಮೊದಲೇ ಸಿಕ್ಕಿದ್ದರೆ ಸುಲಭವಿತ್ತಂತೆ. ನಿನ್ನ ಕಡೆ ಯಾರಿದ್ದಾರೆ? ನೀನು ಶಾಲೆಯ ಮೆಟ್ಟಿಲು ಹತ್ತಿದವನಲ್ಲ, ನಿನ್ನ ಅಪ್ಪ ಮಾವಿನ ತೋಪಿನ ಸಾಹುಕಾರನ ಮನೆಯ ಮೆಟ್ಟಿಲು ಬಿಟ್ಟು ಬೇರೆ ಮೆಟ್ಟಿಲು ಕಂಡವನಲ್ಲ. ನಾವು ವಾರ್ಲಿಗಳು ಹೌದೋ ಅಲ್ಲವೋ ಎಂದು ಇಷ್ಟು ಕಾಲ ಯಾರಿಗೂ ಅನುಮಾನವಿರಲಿಲ್ಲ. ಬಾವಿಯ ಹತ್ತಿರ ಬೈಯುವಾಗ ಇರಲಿಲ್ಲ, ಗದ್ದೆಯಿಂದ ಓಡಿಸುವಾಗ ಇರಲಿಲ್ಲ. ಹುಡುಗಿಗೆ ಸಂಬಳದ ಕೆಲಸ ಬಂತು ನೋಡು, ಅನುಮಾನ ಬಂದುಬಿಟ್ಟಿತು.

ಮಳೆಗಾಲದಲ್ಲಿ ವಿಚಾರಣೆಗೆಂದು ಒಬ್ಬ ಇನ್‌ಸ್ಪೆಕ್ಟರು ಮನೆಗೆ ಬಂದಿದ್ದ. ನಾನು ನಾಟಿಗೆ ಹೋಗಿದ್ದೆ, ಮನೆಯಲ್ಲಿ ಶೇವಂತಿ ಒಬ್ಬಳೇ. ಅವನು ಬರುವ ಸುದ್ದಿ ಅವಳಿಗೆ ಹಿಂದಿನ ದಿನವೇ ಗೊತ್ತಿತ್ತು, ನನಗೆ ಹೇಳಿರಲಿಲ್ಲ. ಸರ್ಕಾರದ ಮನುಷ್ಯ ಬರುತ್ತಾನೆಂದು ಮನೆಯನ್ನು ಏನು ಮಾಡಿಟ್ಟಿದ್ದಳು ಗೊತ್ತಾ? ಕನ್ಸರಿ ದೇವಿಯ ಬುಟ್ಟಿಯನ್ನು ಭತ್ತದ ಕಣಜದ ಹಿಂದೆ ಸರಿಸಿದ್ದಳು. ನೀನು ಊದುವ ತಾರ್ಪಾವನ್ನು ಅಟ್ಟದ ಮೇಲೆ ಹಾಕಿದ್ದಳು. ಗೋಡೆಗೆ ಅಂಗಡಿಯವನು ಕೊಟ್ಟ ಗಣಪತಿ ಕ್ಯಾಲೆಂಡರ್. ಜಾನ್ಯಾನ ಮನೆಯಿಂದ ಎರಡು ಪ್ಲಾಸ್ಟಿಕ್ ಕುರ್ಚಿ. ಒಣಮೀನಿನ ವಾಸನೆ ಹೋಗಲೆಂದು ಊದುಬತ್ತಿ ಬೇರೆ. ಬಂದವನಿಗೆ ಚಹಾ, ಬಿಸ್ಕತ್ತು. ಅವನು ಕಾಲ ಮೇಲೆ ಕಾಲು ಹಾಕಿ ಕೂತು ಪ್ರಶ್ನೆ ಕೇಳಿದನಂತೆ. ನಿಮ್ಮ ದೇವರು ಯಾವುದು, ಸತ್ತವರನ್ನು ಏನು ಮಾಡುತ್ತೀರಿ, ನಿನ್ನ ಅಪ್ಪ ಅಮ್ಮನ ಲಗ್ನ ಹೇಗೆ ಆಯಿತು. ಮಿಕ್ಕದ್ದಕ್ಕೆ ಏನೋ ಹೇಳಿದಳು. ಲಗ್ನದ ಪ್ರಶ್ನೆಗೆ ಸುಳ್ಳು ಹೇಳಿದಳು.

ನಮ್ಮಲ್ಲಿ ಕೂಡಿ ಬಾಳುವುದು ಮೊದಲು, ಲಗ್ನ ಕೈಲಾದಾಗ. ನನ್ನ ಅವ್ವನ ಲಗ್ನದಲ್ಲಿ ನಾನೇ ಅಕ್ಕಿ ಬೀಸಿದ್ದೇನೆ. ಇಡೀ ಕೇರಿಗೆ ಊಟ, ಕುಡಿತ, ಹಾಡಿ ಲಗ್ನ ಮಾಡಿಸುವ ಧವಲೇರಿಗೆ ಸೀರೆ, ಗೋಡೆಯ ಮೇಲೆ ಪಾಲಘಾಟ ದೇವಿಯ ಚೌಕ ಬರೆಯಬೇಕು, ಇದೆಲ್ಲ ಒಂದು ದಿನದಲ್ಲಿ ಆಗುವ ಮಾತೇ? ನಮ್ಮದು ಈ ವರ್ಷ, ಮುಂದಿನ ವರ್ಷ ಎಂದು ತಳ್ಳುತ್ತಲೇ ಬಂದೆವು. ಮಗಳ ಲಗ್ನಕ್ಕೆ ಮೊದಲು ಅಪ್ಪ ಅಮ್ಮನದು ಆಗಲೇಬೇಕು, ಅದಕ್ಕೆಂದೇ ನೀನು ಓಖಾದ ದೋಣಿಗೆ ಹೋದೆ. ಇದರಲ್ಲಿ ಮುಚ್ಚಿಡುವುದು ಏನಿದೆ? ಆದರೆ ಹುಡುಗಿ ಐದನೆಯ ತರಗತಿಯಿಂದ ಹಾಸ್ಟೆಲಿನಲ್ಲಿ ಬೆಳೆದವಳು. ಅಲ್ಲಿಯ ಹುಡುಗಿಯರು ಅಪ್ಪ ಅಮ್ಮನ ಲಗ್ನದ ಆಲ್ಬಂ ತಂದು ತೋರಿಸುತ್ತಿದ್ದರಂತೆ. ನಿನ್ನದು ಎಲ್ಲಿ ಎಂದು ಕೇಳಿದಾಗ ಮಳೆಗೆ ಹಾಳಾಯಿತು ಎಂದಳಂತೆ. ಆಮೇಲೆ ಒಂದೊಂದೇ ಸೇರಿಸುತ್ತ ಹೋದಳಂತೆ, ಛತ್ರ, ಪುರೋಹಿತ, ಸಪ್ತಪದಿ. ಇನ್‌ಸ್ಪೆಕ್ಟರು ಕೇಳಿದಾಗ ಬಾಯಲ್ಲಿ ಸಿದ್ಧವಾಗಿದ್ದದ್ದು ಅದೇ. ಅವನು ಎಲ್ಲವನ್ನೂ ಬರೆದುಕೊಂಡು, ಚಹಾ ಚೆನ್ನಾಗಿತ್ತು ಎಂದು ಹೇಳಿ ಹೋದ. ದಸರಾ ಕಳೆದ ಮೇಲೆ ನೋಟಿಸು ಬಂತು. ಈ ಮನೆಯ ರೀತಿರಿವಾಜು, ದೇವರು, ಲಗ್ನದ ಪದ್ಧತಿ ಯಾವುದೂ ವಾರ್ಲಿಗಳದ್ದಲ್ಲ, ಬಂದು ಸಮಜಾಯಿಷಿ ಕೊಡಿ ಎಂದು.

ನನಗೆ ಅವಳ ಮೇಲೆ ಎಷ್ಟು ಸಿಟ್ಟು ಬಂತೆಂದರೆ ಎರಡು ದಿನ ಮಾತಾಡಲಿಲ್ಲ. ಆಮೇಲೆ ಯೋಚಿಸಿದೆ, ಇವಳಿಗೆ ಈ ನಾಚಿಕೆ ಕಲಿಸಿದವರು ಯಾರು? ಶಾಲೆಯಲ್ಲಿ ದೇವರ ಬುಟ್ಟಿಯನ್ನು ನೋಡಿ ಮೂಗು ಮುರಿದವರು, ಕಾಡುಜನ ಎಂದು ಕರೆದವರು, ಸ್ವಚ್ಛವಾಗಿರಿ, ನಮ್ಮ ಹಾಗೆ ಇರಿ ಎಂದು ಬುದ್ಧಿ ಹೇಳಿದವರು. ಅವರ ಹಾಗೆ ಇದ್ದು ತೋರಿಸಿದರೆ ಅದೇ ಜನ ಬಂದು, ನೀನು ಕಾಡುಜನ ಅಲ್ಲವಲ್ಲ, ಕೆಲಸ ಬಿಡು ಎನ್ನುತ್ತಾರೆ. ವಾಕರಿಕೆ ಬರುತ್ತದೆ. ಜಾನ್ಯಾ, ಇದನ್ನು ಜೋರಾಗಿ ಓದು.

ದೀಪಾವಳಿ ಕಳೆದು ಮಂಗಳವಾರ ನಾವಿಬ್ಬರೂ ಸಮಿತಿಯ ಕಚೇರಿಗೆ ಹೋದೆವು. ಬೆಳಿಗ್ಗೆ ಮೊದಲ ರೈಲಿಗೆ ಹೊರಟೆವು, ನಾಚಣಿ ರೊಟ್ಟಿ, ಒಣಸೀಗಡಿ ಚಟ್ನಿ ಕಟ್ಟಿಕೊಂಡಿದ್ದೆ, ಶೇವಂತಿ ಡಬ್ಬಿಯ ಮುಚ್ಚಳವನ್ನೂ ತೆಗೆಯಗೊಡಲಿಲ್ಲ. ಅಲ್ಲಿ ಬೆಂಚಿನ ಮೇಲೆ ನಮಗಿಂತ ಮೊದಲೇ ಕೂತಿದ್ದವರು ಯಾರು ಅಂದುಕೊಂಡೆ? ದೇವಿದಾಸ ಸರ್. ನೀನು ನೋಡಿಲ್ಲ ಅವರನ್ನು, ನೀನು ಸಿಕ್ಕಿಬಿದ್ದ ಮೇಲೆ ಬಂದವರು. ಪಟ್ಟಣದಲ್ಲಿ ಪರೀಕ್ಷೆಗೆ ಹುಡುಗರನ್ನು ತಯಾರು ಮಾಡುವ ಕ್ಲಾಸು ನಡೆಸುತ್ತಾರೆ. ಹೋದ ವರ್ಷ ನಿಮ್ಮ ಸಂಸ್ಕೃತಿಯ ಅಧ್ಯಯನ ಎಂದುಕೊಂಡು ಮಗ ಪ್ರಣವನನ್ನು ಕರೆದುಕೊಂಡು ನಮ್ಮ ಕೇರಿಗೆ ಬಂದು, ನಮ್ಮ ಅಂಗಳದಲ್ಲೇ ಉಳಿದಿದ್ದರು. ಏಡಿ ಸಾರು ಹಾಕಿಸಿಕೊಂಡು ಹಾಕಿಸಿಕೊಂಡು ತಿಂದರು. ಧವಲೇರಿ ಬಾಬನಿ ಅಜ್ಜಿ ನಿನಗೆ ಗೊತ್ತಲ್ಲ, ಯಾರು ಕೇಳಿದರೂ ಹಾಡುವವಳು, ಲಗ್ನದ ಹಾಡನ್ನೆಲ್ಲ ಹಾಡಿದಳು, ಹುಡುಗ ಫೋನಿನಲ್ಲಿ ತುಂಬಿಕೊಂಡ. ಆ ಸರ್ ಯಾವ ಜಾತಿಯವರು ಎಂದು ನಾನು ಕೇಳಿಲ್ಲ, ನಮ್ಮವರಲ್ಲ ಎಂಬುದು ಮಾತ್ರ ಗೊತ್ತು, ಕಾಲು ತೊಳೆಯದೆ ಕಣದೊಳಗೆ ನಡೆದು ಬರುವವರು ನಮ್ಮವರಲ್ಲ. ನಮ್ಮನ್ನು ಕಂಡು ಅವರ ಮುಖ ಒಂದು ಕ್ಷಣ ಸಪ್ಪಗಾಯಿತು. ಆಮೇಲೆ ಲಾಡಕಿಬಾಯಿ, ಚೆನ್ನಾಗಿದ್ದೀರಾ, ಭತ್ತ ಹೇಗೆ ಬಂತು ಎಂದು ವಿಚಾರಿಸಿದರು. ಮನುಷ್ಯನಿಗೆ ಚೂರೂ ಲಜ್ಜೆಯಿಲ್ಲ.

ಪ್ರಣವನೂ ತಾನು ವಾರ್ಲಿ ಎಂಬ ಪತ್ರಕ್ಕೇ ಬಂದಿದ್ದ, ಅವನನ್ನು ಮೊದಲು ಕರೆದರು. ಬಾಗಿಲು ಅರ್ಧ ತೆರೆದಿತ್ತು, ಎಲ್ಲ ಕೇಳುತ್ತಿತ್ತು. ಮೇಜಿನ ಆಚೆ ಒಬ್ಬ ದೊಡ್ಡ ಸಾಹೇಬ, ಪಕ್ಕದಲ್ಲಿ ಒಬ್ಬ ಮೇಡಂ, ಮುಂದೆ ನಮ್ಮ ಬಗ್ಗೆ ಯಾರೋ ಬರೆದ ಒಂದು ದಪ್ಪ ಪುಸ್ತಕ. ಹುಡುಗ ಕೈಕಟ್ಟಿ ನಿಂತು ಮಗ್ಗಿ ಒಪ್ಪಿಸುವ ಹಾಗೆ ಒಪ್ಪಿಸಿದ. ನಮ್ಮ ದೇವರ ಹೆಸರೆಲ್ಲ ಹೇಳಿದ, ಕನ್ಸರಿ, ಹಿರವಾ, ನಾರನದೇವ, ವಾಘ್ಯಾ. ಲಗ್ನ ಮಾಡಿಸುವವಳು ಧವಲೇರಿ, ಪುರೋಹಿತರಿಲ್ಲ. ಸಾಹೇಬ ಪುಸ್ತಕದ ಮೇಲೆ ಬೆರಳಿಟ್ಟು ನೋಡಿಕೊಳ್ಳುತ್ತ, ಲಗ್ನಕ್ಕೆ ಮೊದಲೇ ಗಂಡು ಹೆಣ್ಣು ಕೂಡಿ ಇರುವ ಪದ್ಧತಿ ಉಂಟೇ ಎಂದು ಕೇಳಿದ. ಉಂಟು ಸರ್, ಮಕ್ಕಳಾದ ಮೇಲೂ ಲಗ್ನ ಮಾಡಿಕೊಳ್ಳುತ್ತಾರೆ ಸರ್ ಎಂದ ಹುಡುಗ. ಸರಿಯಾದ ಉತ್ತರ ಎಂದು ಸಾಹೇಬ ತಲೆಯಾಡಿಸಿದ. ಕೊನೆಗೆ ಬಾಬನಿ ಅಜ್ಜಿಯ ಹಾಡನ್ನು ಎರಡು ಸಾಲು ಹಾಡಿಸಿದರು. ತಂದೆ ಮಗ ಹೊರಗೆ ಬಂದು ಒಬ್ಬರ ಬೆನ್ನು ಒಬ್ಬರು ತಟ್ಟಿಕೊಂಡರು, ನನಗೆ ಕೈಮುಗಿದು ಹೊರಟುಹೋದರು.

ಆಮೇಲೆ ನಮ್ಮನ್ನು ಕರೆದರು. ಸಾಹೇಬ ಇನ್‌ಸ್ಪೆಕ್ಟರನ ವರದಿಯನ್ನು ಗಟ್ಟಿಯಾಗಿ ಓದಿದ. ತಂದೆ ತಾಯಿಯ ಲಗ್ನ ಡಹಾಣೂವಿನ ಛತ್ರದಲ್ಲಿ ಪುರೋಹಿತರಿಂದ ನಡೆದಿದೆ. ವಧು ಹಸಿರು ಪೈಠಣಿ ಉಟ್ಟಿದ್ದಳು, ಮೂಗಿನಲ್ಲಿ ಮುತ್ತಿನ ನತ್ತು. ಶೇವಂತಿ ನೆಲ ನೋಡುತ್ತಿದ್ದಳು. ಶೇವಂತಿಯ ಅಪ್ಪಾ, ನನಗೆ ಹಸಿರು ಇಷ್ಟ ಎಂದು ನಾನು ಅವಳಿಗೆ ಯಾವತ್ತೂ ಹೇಳಿರಲಿಲ್ಲ. ಹಾಸ್ಟೆಲಿನ ಮಂಚದ ಮೇಲೆ ಕೂತು ಹುಡುಗಿ ನನಗೆ ಸೀರೆ ಉಡಿಸಿದ್ದಾಳೆ, ನತ್ತು ಹಾಕಿದ್ದಾಳೆ. ಸಿಟ್ಟೆಲ್ಲ ಎಲ್ಲಿ ಹೋಯಿತೋ, ಅಳು ಬಂದುಬಿಟ್ಟಿತು. ಅಳುತ್ತಲೇ ಎದ್ದು ನಿಂತು, ಸಾಹೇಬರೇ ಅದೆಲ್ಲ ಹುಡುಗಿ ಕಟ್ಟಿದ್ದು, ನಮ್ಮ ಲಗ್ನ ಇನ್ನೂ ಆಗಿಯೇ ಇಲ್ಲ ಎಂದೆ. ಕೋಣೆಯಲ್ಲಿದ್ದ ಗುಮಾಸ್ತ ಕಿಸಕ್ಕನೆ ನಕ್ಕ. ಸಾಹೇಬ ಕನ್ನಡಕ ತೆಗೆದ.

"ಲಗ್ನನೇ ಆಗಿಲ್ಲ ಅಂದ್ಮೇಲೆ ಇವಳು ಅವನ ಮಗಳು ಅಂತ ನಾವು ಹೇಗಮ್ಮ ನಂಬೋದು?"

"ಹೆತ್ತವಳು ನಾನು ಸಾಹೇಬ್ರೇ, ನನ್ನ ಕೇಳಿ."

"ನಿನ್ನ ಕೇಳಿ ಏನು ಮಾಡೋಣ? ಜಾತಿ ಬರೋದು ಅಪ್ಪನಿಂದ. ಅಪ್ಪನ್ನ ಕರ್ಕೊಂಡು ಬಾ."

ಅವರು ಕರಾಚಿ ಜೈಲಿನಲ್ಲಿದ್ದಾರೆ ಎಂದೆ. ಅದು ವರದಿಯಲ್ಲಿ ಇರಲಿಲ್ಲ. ಶೇವಂತಿ ಇನ್‌ಸ್ಪೆಕ್ಟರನಿಗೆ ಅಪ್ಪ ಹಡಗಿನಲ್ಲಿ ಕೆಲಸ ಮಾಡುತ್ತಾರೆ ಎಂದಿದ್ದಳು. ಸಾಹೇಬನಿಗೆ ಇನ್ನೂ ಖುಷಿಯಾಯಿತು. ಛತ್ರ ಸುಳ್ಳು, ಸೀರೆ ಸುಳ್ಳು, ಹಡಗು ಸುಳ್ಳು, ಇನ್ನು ಅಪ್ಪ ಮಾತ್ರ ನಿಜ ಎಂದು ಹೇಗೆ ನಂಬಲಿ ಎಂದು ಮೇಡಂ ಕಡೆ ತಿರುಗಿ ಹೇಳಿದ. ಅಷ್ಟು ಹೊತ್ತೂ ನೆಲ ನೋಡುತ್ತಿದ್ದ ಹುಡುಗಿ ಆಗ ತಲೆಯೆತ್ತಿದಳು.

"ಆ ಸೀರೆ ಸುಳ್ಳು ಸರ್. ಛತ್ರಾನೂ ಸುಳ್ಳು. ನಮ್ಮಪ್ಪ ಸುಳ್ಳಲ್ಲ."

ಇಷ್ಟೇ ಹೇಳಿದ್ದು. ಗುಮಾಸ್ತನ ನಗು ನಿಂತಿತು. ನಾನು ಸುಮ್ಮನಿರಲಿಲ್ಲ, ನಿನಗೆ ಗೊತ್ತು ನಾನು ಸುಮ್ಮನಿರುವವಳಲ್ಲ. ಈಗ ತಾನೇ ಆ ಹುಡುಗ ಮಕ್ಕಳಾದ ಮೇಲೂ ಲಗ್ನ ಮಾಡಿಕೊಳ್ಳುತ್ತಾರೆ ಎಂದಾಗ ಸರಿ ಎಂದಿರಲ್ಲ, ಹಾಗೆ ಮಾಡಿಕೊಳ್ಳುವವರು ನಾವೇ, ಮಗು ಇದೇ, ನೋಡಿ ಎಂದೆ. ಅವನು ಹಾಡಿದ ಹಾಡು ನಮ್ಮ ಅಂಗಳದ್ದು, ಅವನು ಉಂಡ ಏಡಿ ನಾನು ಹಿಡಿದದ್ದು ಎಂದೂ ಹೇಳಿದೆ. ಬೇರೆಯವರ ಕಡತದ ಬಗ್ಗೆ ಇಲ್ಲಿ ಮಾತಾಡುವ ಹಾಗಿಲ್ಲ ಎಂದು ಸಾಹೇಬ ಗದರಿಸಿದ. ಮೇಡಂ ಪುಸ್ತಕವನ್ನು ತನ್ನ ಕಡೆ ಎಳೆದುಕೊಂಡು ಒಂದು ಪುಟ ಓದಿ, ಸಾಹೇಬನಿಗೆ ತೋರಿಸಿದರು. ಅವನು ನೋಡಲಿಲ್ಲ. ಒಂದೇ ಮಾತಿನಲ್ಲಿ ಹೇಳುತ್ತೇನೆ ಕೇಳು, ಹುಡುಗ ಬಾಯಿಪಾಠ ಮಾಡಿ ಹೇಳಿದರೆ ಅವನು ವಾರ್ಲಿ. ನಾನು ಬದುಕಿ ಹೇಳಿದರೆ ನನ್ನ ಮಗಳಿಗೆ ಅಪ್ಪನೇ ಇಲ್ಲ. ಇವರಿಗೆ ಓದು ಯಾಕೆ ಕಲಿಸಿದರೋ.

ನಿನ್ನನ್ನು ಹಿಡಿದ ವರ್ಷ ಇವನು ನಮ್ಮ ದೇಶದವನೇ ಎಂದು ವಿಚಾರಿಸಲು ಪೊಲೀಸರು ಬಂದಿದ್ದರು. ನವಸೂ ಉಂಬರಸಡಾ, ಜಾತಿ ವಾರ್ಲಿ, ಹೆಂಡತಿ ಲಾಡಕಿ, ಮಗಳು ಒಬ್ಬಳು ಎಂದು ಅಂಗಳದಲ್ಲಿ ನಿಂತೇ ಬರೆದುಕೊಂಡು ಹೋದರು. ಯಾರೂ ಸಪ್ತಪದಿ ಕೇಳಲಿಲ್ಲ. ಆ ಮಾತನ್ನೂ ಹೇಳಿದೆ. ಅದು ಬೇರೆ ಇಲಾಖೆ ಎಂದ ಸಾಹೇಬ.

ಹೊರಗೆ ಬಂದಾಗ ಅದೇ ಗುಮಾಸ್ತ ಮೆಲ್ಲಗೆ ಹಿಂದೆ ಬಂದ. ಕನಿಕರ ತೋರಿಸುವವನ ಹಾಗೆ ದನಿ ಇಳಿಸಿಕೊಂಡು ಹೇಳಿದ.

"ಅಕ್ಕಾ, ಸುಮ್ನೆ ಯಾಕೆ ಒದ್ದಾಡ್ತೀರಿ? ಗಂಡ ತೀರ್ಕೊಂಡ ಅಂತ ಒಂದು ಅಫಿಡವಿಟ್ ಮಾಡ್ಸಿ. ವಿಧವೆ ಹೇಳಿಕೆ ಅಂದ್ರೆ ಯಾರೂ ಜಾಸ್ತಿ ಕೆದಕಲ್ಲ."

"ನಿನ್ನ ಹೆಂಡ್ತಿ ಹತ್ರ ಒಂದು ಮಾಡಿಸಿ ಇಟ್ಕೋ ತಮ್ಮಾ, ಎಂದಾದ್ರೂ ಬೇಕಾಗುತ್ತೆ" ಎಂದೆ. ಅವನ ಮುಖ ನೋಡಬೇಕಿತ್ತು. ಥೂ. ಮೂರು ಸಲ ಉಗಿದೆ, ಆ ಕಚೇರಿಯ ಗೇಟಿನಲ್ಲೇ. ಕಾವಲಿನವನು ಇಲ್ಲಿ ಉಗುಳಬಾರದು ಎಂದ. ಎಲ್ಲಿ ಉಗಿಯಬೇಕು ಎಂದು ಅವನನ್ನೇ ಕೇಳಿದೆ.

ರೈಲಿನಲ್ಲಿ ಶೇವಂತಿ ತಾನಾಗಿಯೇ ಡಬ್ಬಿ ತೆಗೆದಳು. ಎದುರಿನ ಸೀಟಿನ ಹೆಂಗಸು ಒಣಸೀಗಡಿಯ ವಾಸನೆಗೆ ಸೆರಗಿನಿಂದ ಮೂಗು ಮುಚ್ಚಿಕೊಂಡಳು, ಇವಳು ನೋಡಿಯೂ ನೋಡದವಳ ಹಾಗೆ ಪೂರ್ತಿ ತಿಂದಳು. ಅಪ್ಪನ ವಿಷಯದಲ್ಲಿ ಇಷ್ಟು ದಿನ ಸುಳ್ಳು ಹೇಳಿಕೊಂಡು ಬಂದೆ ಅವ್ವಾ ಎಂದಳು. ಹೇಳಿದರೆ ಹೇಳಿದೆ ಬಿಡು, ಸೀರೆ ಮಾತ್ರ ಒಳ್ಳೆಯದನ್ನೇ ಆರಿಸಿದ್ದೆ ಎಂದೆ. ಇಬ್ಬರೂ ನಕ್ಕೆವು. ಮನೆಗೆ ಬಂದು ಕನ್ಸರಿಯ ಬುಟ್ಟಿಯನ್ನು ಅವಳೇ ಮೊದಲಿನ ಜಾಗಕ್ಕೆ ತಂದಿಟ್ಟಳು. ಮಾರನೆಯ ದಿನ ಆಸ್ಪತ್ರೆಗೆ ಹೋದಳು. ಇನ್ನೂ ಹೋಗುತ್ತಿದ್ದಾಳೆ, ಕೆಲಸ ಕಿತ್ತುಕೊಳ್ಳುವವರೆಗೆ ಹೋಗುತ್ತೇನೆ ಎನ್ನುತ್ತಾಳೆ.

ಬಾಬನಿ ಅಜ್ಜಿಗೆ ಪ್ರಣವನ ವಿಷಯ ಹೇಳಿದೆ, ಅವಳಾದರೂ ಸಿಟ್ಟು ಮಾಡಿಕೊಳ್ಳಲಿ ಎಂದು. ಹುಡುಗ ರಾಗ ತಪ್ಪದೆ ಹಾಡಿದನಾ ಎಂದು ಕೇಳಿದಳು ಮುದುಕಿ. ತಪ್ಪಲಿಲ್ಲ ಎಂದೆ. ಹಾಗಾದರೆ ಸರಿ ಎಂದಳು. ಈ ಅಜ್ಜಿಯನ್ನು ಏನು ಮಾಡುವುದು ಹೇಳು. ನಿನಗೆ ಅವಳ ಹರಕೆ ತಿಳಿಸಲು ಹೇಳಿದ್ದಾಳೆ, ನಿಮ್ಮ ಲಗ್ನದಲ್ಲಿ ಹಾಡದೆ ತಾನು ಸಾಯುವುದಿಲ್ಲವಂತೆ, ಬೇಗ ಬರಬೇಕಂತೆ, ಇತ್ತೀಚೆಗೆ ಕಾಯುವುದು ಕಷ್ಟವಾಗುತ್ತಿದೆಯಂತೆ. ಜಾನ್ಯಾನ ಅವ್ವ ಜಾನ್ಯಾನಿಗೆ ತಲೆಗೆ ಎಣ್ಣೆ ಹಚ್ಚಿಕೋ ಎಂದಿದ್ದಾಳೆ. ದೋಣಿಯ ಎಲ್ಲರಿಗೂ ನಮ್ಮ ಕೇರಿಯ ನೆನಪು ಹೇಳು. ಹುಲಿದೇವ ವಾಘ್ಯಾ ನಿಮ್ಮನ್ನೆಲ್ಲ ಕಾಯಲಿ, ಅವನಿಗೆ ಗಡಿ ಗಿಡಿ ಗೊತ್ತಿಲ್ಲ. ಬೆಚ್ಚಗಿರು.

ನಿನ್ನ
ಲಾಡಕಿ

ಮರೆತಿದ್ದು: ಶೇವಂತಿ ಕಾಗದ ಓದಿ ಬೈದಳು, ಊರಿನ ಕತೆಯೆಲ್ಲ ಬರೆದು ಮುಖ್ಯವಾದದ್ದನ್ನೇ ಬಿಟ್ಟಿದ್ದೀಯಲ್ಲ ಎಂದಳು. ಸಂಘದವನು ಕಾಗದಗಳ ಕಟ್ಟು ಒಯ್ಯಲು ಅಂಗಳದಲ್ಲಿ ನಿಂತಿದ್ದಾನೆ. ಆ ದಿನ ಮೇಡಂ ಗೇಟಿನವರೆಗೆ ನಮ್ಮ ಹಿಂದೆ ಬಂದರು. ಅಪ್ಪ ಬರಲು ಆಗದಿದ್ದರೆ ಅಪ್ಪನ ಹೇಳಿಕೆ ಬಂದರೂ ಸಾಕು, ಜೈಲಿನ ಮೊಹರು ಇರಬೇಕು, ಜನವರಿ ಮುಗಿಯುವವರೆಗೆ ಕಡತ ಮುಚ್ಚದಂತೆ ನೋಡಿಕೊಳ್ಳುತ್ತೇನೆ ಎಂದರು. ನಮ್ಮ ಕೇರಿಯವರೆಲ್ಲ ಹೇಳಿದರೆ ಸಾಲದು, ಕರಾಚಿಯ ಮೊಹರು ಬೇಕಂತೆ. ಇದಕ್ಕೂ ಉಗಿಯಬೇಕು, ಈಗ ಉಗಿಯುವುದಿಲ್ಲ. ಶೇವಂತಿ ನನ್ನ ಮಗಳು, ನಾನು ವಾರ್ಲಿ, ಲಾಡಕಿಯೊಂದಿಗೆ ಲಗ್ನ ಇನ್ನೂ ಆಗಬೇಕು ಎಂದು ಜಾನ್ಯಾ ಬರೆಯಲಿ, ಕೆಳಗೆ ನೀನು ಹೆಬ್ಬೆಟ್ಟು ಒತ್ತು. ಮರ್ಯಾದೆಗೆಂದು ಲಗ್ನ ಆಗಿದೆ ಎಂದು ಬರೆಸಬೇಡ. ಮೇಡಂ ಇನ್ನೊಂದು ಮಾತು ಕೇಳಿದರು, ಅವರು ಬದುಕಿದ್ದಾರೆ ಅನ್ನುವುದಕ್ಕೆ ನಿನ್ನ ಹತ್ತಿರ ಏನಾದರೂ ಇದೆಯಾ ಎಂದು. ನಿನ್ನ ಕಾಗದ ಬಂದು ಎರಡು ಹೋಳಿ ಕಳೆದವು. ಜಾನ್ಯಾ, ಇದು ನಿನಗೆ. ಹೆಬ್ಬೆಟ್ಟು ಅವನದೇ ಇರಬೇಕು. ಅವನಿಂದ ಒತ್ತಲು ಆಗದ ಹಾಗಿದ್ದರೆ, ಅವನ ಬದಲು ನೀನು ಒತ್ತಬೇಡ.